ಕಾಶಿಗೆ ಬೇಡವಾದವಳೇ?

ಕಳೆದ ತಿಂಗಳ ಸಭೆಯಲ್ಲಿ ದೀಪಾ ಮೆಹ್ತಾರ ಚಿತ್ರವೊಂದನ್ನು ಸಂಘದಲ್ಲಿ ತೋರಿಸೋಣವೆಂದಾಗ ಹಿರಿಯರೊಬ್ಬರು, "ಕಾಶಿಗೇ ಬೇಡವಾದವಳು ನಮಗೇಕಯ್ಯಾ?" ಎಂದರು. ಎಲ್ಲರೂ ನಕ್ಕರು, ನನ್ನ ಸೂಚನೆ ಅಲ್ಲಿಗೇ ಬಿತ್ತು. ಮೂರು ವರ್ಷ ಕಾಶಿಯಲ್ಲಿ ಸರ್ಕಾರಿ ಕಡತಗಳ ಧೂಳು ಕುಡಿದವನಾದ್ದರಿಂದ ಆ ಮಾತಿಗೆ ಉತ್ತರಿಸದೆ ಇರಲಾರೆ.

ಕಾಶಿ ಬೇಡವೆಂದಿತೆಂದು ಹೇಳಿದವರಾರು? 2000ದ ಜನವರಿ 30ರಂದು 'ವಾಟರ್' ಚಿತ್ರಕ್ಕೆ ಗಂಗೆಯ ದಡದಲ್ಲಿ ಹಾಕಿದ್ದ ಸೆಟ್ಟನ್ನು ಗುಂಪೊಂದು ಮುರಿದು, ಸುಟ್ಟು, ನೀರಿಗೆಸೆಯಿತು. ಗುಂಪೇ ಊರಲ್ಲ. ಚಿತ್ರಕಥೆಗೆ ಕೇಂದ್ರದ ಒಪ್ಪಿಗೆಯಿತ್ತು. ಒಪ್ಪಿಗೆಪತ್ರಕ್ಕೆ ಅಲೆದಾಟವೆಷ್ಟೆಂದು ನಮ್ಮಂಥ ಗುಮಾಸ್ತರಿಗೆ ಗೊತ್ತು. ಅಂದು ಅದಕ್ಕೆ ರದ್ದಿಯ ಬೆಲೆಯೂ ಉಳಿಯಲಿಲ್ಲ. ರಾಜ್ಯ ಸರ್ಕಾರ ದಾಂಧಲೆಯನ್ನು ತಡೆಯುವ ಬದಲು ಚಿತ್ರೀಕರಣವನ್ನೇ ತಡೆಯಿತು. ಪಾತ್ರಕ್ಕಾಗಿ ತಲೆ ಬೋಳಿಸಿಕೊಂಡಿದ್ದ ಶಬಾನಾ ಆಜ್ಮಿ, ನಂದಿತಾ ದಾಸ್ ಬರಿಗೈಲಿ ಮರಳಿದರು. ಕಡೆಗೆ ಬೇರೆ ನಟಿಯರೊಂದಿಗೆ ಶ್ರೀಲಂಕೆಯಲ್ಲಿ ತಯಾರಾದ ಆ ಚಿತ್ರ 2007ರಲ್ಲಿ ಕೆನಡಾದ ಹೆಸರಿನಲ್ಲಿ ಆಸ್ಕರ್ ನಾಮನಿರ್ದೇಶನ ಪಡೆಯಿತು.

ವಿಧವೆಯರ ಗೋಳು ತೋರಿಸಿದರೆ ಧರ್ಮಕ್ಕೆ ಅಪಮಾನವೆ? ಹಾಗಾದರೆ 'ಘಟಶ್ರಾದ್ಧ', 'ಫಣಿಯಮ್ಮ' ಚಿತ್ರಗಳನ್ನು ಕನ್ನಡದ ಕೀರ್ತಿಯೆಂದು ರಾಜ್ಯೋತ್ಸವದ ಭಾಷಣದಲ್ಲಿ ಹೊಗಳುವುದನ್ನು ನಾವು ಇಂದೇ ನಿಲ್ಲಿಸೋಣ. 'ಸಂಸ್ಕಾರ'ವನ್ನೂ ಸೆನ್ಸಾರ್ ಮೊದಲು ತಡೆದಿತ್ತು; ಆಮೇಲೆ ರಾಷ್ಟ್ರಪ್ರಶಸ್ತಿ ಬಂತು, ನಮ್ಮ ಎದೆಯೂ ಉಬ್ಬಿತು.

ಸಭೆ ಮುಗಿದ ಮೇಲೆ ಮಿತ್ರರೊಬ್ಬರು ಕಾಫಿ ಕುಡಿಯುತ್ತ ರಾಜಿಗೆ ಬಂದರು: "ವಾಟರ್ ಬೇಕಾದರೆ ಹಾಕೋಣ, ಆ ಫೈರ್ ಮಾತ್ರ ಬೇಡ." ಇದೇ ನನಗೆ ಒಪ್ಪಿಗೆಯಾಗದ್ದು. 1996ರ 'ಫೈರ್'ನಲ್ಲಿ ಇರುವುದೇನು? ದೆಹಲಿಯ ಕೂಡುಕುಟುಂಬದ ಇಬ್ಬರು ಸೊಸೆಯರು. ಒಬ್ಬಳ ಗಂಡ ಗುರುವಿನ ಮಾತು ಕೇಳಿ ಬ್ರಹ್ಮಚಾರಿ, ಇನ್ನೊಬ್ಬಳ ಗಂಡನಿಗೆ ಹೊರಗೊಬ್ಬಳು. ಹೆಂಗಸರಿಬ್ಬರೂ ಪರಸ್ಪರ ಪ್ರೀತಿಸುತ್ತಾರೆ. ಗಂಡಂದಿರ ನಡತೆಯ ಬಗ್ಗೆ ಯಾರೂ ಕಲ್ಲೆತ್ತಲಿಲ್ಲವೆಂಬುದನ್ನು ಗಮನಿಸಿ! ಸೆನ್ಸಾರ್ ಮಂಡಳಿ ಕತ್ತರಿ ಹಾಕದೆ ಬಿಟ್ಟಿತ್ತು, ಹಿಂದಿಯಲ್ಲಿ ಸೀತಾ ಹೋಗಿ ನೀತಾ ಆದಳಷ್ಟೆ. ಆದರೂ 1998ರ ಡಿಸೆಂಬರಿನಲ್ಲಿ ಮುಂಬಯಿ, ದೆಹಲಿಗಳ ಚಿತ್ರಮಂದಿರಗಳ ಗಾಜು ಪುಡಿಯಾಯಿತು. ದೀಪಾ ಅವರೇ ಆಗ, ಇದು ಸಲಿಂಗಪ್ರೇಮದ ಕುರಿತ ಚಿತ್ರವಲ್ಲವೆಂದು ಜಾರಿಕೊಳ್ಳಲು ನೋಡಿದ್ದು ನನಗೆ ಹಿಡಿಸಲಿಲ್ಲ. ದೆಹಲಿಯ ರೀಗಲ್ ಎದುರು ತಾವು ಭಾರತೀಯರೂ ಹೌದು, ಲೆಸ್ಬಿಯನ್ನರೂ ಹೌದೆಂದು ಫಲಕ ಹಿಡಿದು ನಿಂತ ಹೆಂಗಸರು ಆಕೆಗಿಂತ ಧೈರ್ಯವಂತರು.

"ಅಂಥವರು ನಮ್ಮಲ್ಲಿಲ್ಲ" ಎನ್ನುತ್ತೀರಿ. 2018ರ ಸೆಪ್ಟೆಂಬರ್ 6ರಂದು ಸರ್ವೋಚ್ಚ ನ್ಯಾಯಾಲಯ ಅದು ಅಪರಾಧವಲ್ಲವೆಂದ ಮೇಲೂ ನಮ್ಮ ಮನೆಗಳ ಎಷ್ಟು ಮಕ್ಕಳು ಬಾಯಿ ಬಿಡದೆ ದೂರದೂರುಗಳಲ್ಲಿ ಕೆಲಸ ಹುಡುಕಿಕೊಂಡಿದ್ದಾರೋ, ಯಾವ ತಾಯಿ ಯಾವ ವಧೂವರ ಮೇಳಕ್ಕೆ ಯಾವ ಮಗಳನ್ನು ಅಳಿಸಿ ಎಳೆತರುತ್ತಿದ್ದಾಳೋ, ಸದಸ್ಯರ ಪಟ್ಟಿ ನೋಡಿದರೆ ತಿಳಿಯುವುದೆ?

ಮುಂದಿನ ಸಭೆಗೆ ಸೂಚನೆಯನ್ನು ಮತ್ತೆ ಲಿಖಿತವಾಗಿ ಕೊಟ್ಟಿದ್ದೇನೆ. ಈ ಸಲ ಚಿತ್ರದ ಹೆಸರನ್ನೂ ಬರೆದಿದ್ದೇನೆ: 'ಫೈರ್'.