‘ಲೈನ್’ ಯಾರದು?

ಇಂಗ್ಲಿಷ್ ಮಾತೊಂದು ಕಿವಿಗೆ ಬಿದ್ದೊಡನೆ ಹುಬ್ಬು ಗಂಟಿಕ್ಕುವ ಮಹನೀಯರು ನಮ್ಮಲ್ಲಿ ಬಹಳ. ಕನ್ನಡ ಸತ್ತೇಹೋಯಿತೆಂದು ಪ್ರತಿ ನವೆಂಬರಿನಲ್ಲೂ ಅವರು ವೇದಿಕೆಯೇರಿ ಸಾರುತ್ತಾರೆ. ಈಚೆಗೆ ಅವರ ಕೋಪಕ್ಕೆ ಸಿಕ್ಕಿಬಿದ್ದದ್ದು ‘ಲೈನ್’ ಎಂಬ ಬಡಪಾಯಿ ಪದ. ಅದನ್ನು ಬಿಟ್ಟು ಎಲ್ಲೆಡೆಯೂ ‘ಸಾಲು’ ಎನ್ನಬೇಕಂತೆ! ಕನ್ನಡದಲ್ಲಿ ಎಂ.ಎ. ಮಾಡಿ, ಕನ್ನಡವನ್ನೇ ಪಾಠ ಹೇಳಿ ಹೊಟ್ಟೆ ಹೊರೆಯುವ ನಾನು ಈ ಅಪ್ಪಣೆಯನ್ನು ಒಪ್ಪಲಾರೆ.

ಈ ಮಹನೀಯರು ಒಂದು ರಾತ್ರಿ ನಿಪ್ಪಾಣಿಯ ಕಡೆಯ ಭೋಜಕ್ಕೆ ಹೋಗಿ ಬರಲಿ. ವೇದಗಂಗೆ, ದೂಧಗಂಗೆಗಳ ನೀರುಂಡ ಕಬ್ಬಿನ ನಾಡು ಅದು. ನಟ್ಟಿರುಳಿನಲ್ಲಿ ಪಂಪು ಹಚ್ಚಲೆಂದು ಎದ್ದ ರೈತ, ‘ಲೈನ್ ಬಂತೇನೋ ತಮ್ಮಾ?’ ಎಂದು ಕೇಳುತ್ತಾನೆ. ‘ಬಂದಿತ್ತರಿ ಕಾಕಾ, ಮತ್ತ ಹೋತು’ ಎಂದು ಉತ್ತರ ಬರುತ್ತದೆ. ಅದೇ ರೈತನಿಗೆ ‘ಸಾಲು ಹೋತು’ ಎಂದು ಹೇಳಿ ನೋಡಿ. ಕಂದೀಲು ಹಿಡಿದು ಕಬ್ಬಿನೊಳಗೆ ಹೊಕ್ಕು, ಯಾವ ಸಾಲು ಒಡೆದು ನೀರು ಪೋಲಾಯಿತೆಂದು ಹುಡುಕಾನು! ಸಾಲು ಅವನಿಗೆ ನೆಲದ ಮೇಲಿನದು. ಲೈನು ತಂತಿಯ ಮೇಲಿನದು. ಇಷ್ಟು ಖಚಿತವಾಗಿ ಅರ್ಥ ಹಂಚಿಕೊಂಡವನಿಗೆ ನಾವು ಭಾಷೆ ಕಲಿಸಹೊರಟಿದ್ದೇವೆ.

ಈ ಪದದ ಸಂಸಾರ ಇನ್ನೂ ದೊಡ್ಡದು. ‘ಯಾವ ಲೈನಿನಾಗ ಅದೀರಿ?’ ಎಂದರೆ ಉದ್ಯೋಗದ ವಿಚಾರಣೆ. ‘ಹುಡುಗ ಲೈನಿಗೆ ಬಂದ’ ಎಂದರೆ ತಂದೆತಾಯಿಗಳ ನಿಟ್ಟುಸಿರು. ಪೊಲೀಸರು ಸಂಸಾರ ಹೂಡುವುದು ಪೊಲೀಸ್ ಲೈನಿನಲ್ಲಿ; ಧಾರವಾಡಕ್ಕೆ ಹೋದವರು ಪೇಡೆ ಕಟ್ಟಿಸಿಕೊಳ್ಳುವುದು ಲೈನ್ ಬಜಾರಿನಲ್ಲಿ. ಕೊಡಗಿನ ಕಾಫಿ ತೋಟಗಳಲ್ಲಿ ಕೂಲಿಯವರ ‘ಲೈನ್ ಮನೆ’ ಎಂದರೆ ಸಾಲಾಗಿ ಕಟ್ಟಿದ ಕೋಣೆಗಳಷ್ಟೇ ಅಲ್ಲ. ಒಂದು ಬಡತನದ ಇತಿಹಾಸವೇ ಆ ಎರಡು ಪದಗಳಲ್ಲಿದೆ. ‘ಸಾಲುಮನೆ’ ಎಂದು ತಿದ್ದಿದರೆ ಆ ಇತಿಹಾಸ ಒರೆಸಿಹೋಗುತ್ತದೆ.

ಇನ್ನು ಕಾಲೇಜಿನ ಹುಡುಗರ ‘ಲೈನ್ ಹೊಡೆಯುವುದು’. ನನ್ನ ಸಹೋದ್ಯೋಗಿಗಳು ಇದನ್ನು ಕೇಳಿ ಮೂಗು ಮುರಿಯುತ್ತಾರೆ. ಅವರ ನಡತೆಯ ಮಾತು ಬೇರೆ. ಅವರ ವ್ಯಾಕರಣಕ್ಕೆ ಮಾತ್ರ ನಾನು ಅಂಕ ಕೊಡುತ್ತೇನೆ. ಹರಟೆ ಹೊಡೆ, ನಿದ್ದೆ ಹೊಡೆ, ಬಂಡಿ ಹೊಡೆ ಎನ್ನುವ ನಮ್ಮ ‘ಹೊಡೆ’ ಧಾತುವೇ ಅಲ್ಲಿಯೂ ದುಡಿಯುತ್ತಿದೆ. ಲಂಡನ್ನಿನವನಿಗೆ ಈ ನುಡಿಗಟ್ಟನ್ನು ಪದಕ್ಕೆ ಪದವಾಗಿ ಇಂಗ್ಲಿಷಿಗಿಳಿಸಿ ಹೇಳಿದರೆ ತಲೆಬುಡ ತಿಳಿಯದು. ಹಾಗಾದರೆ ಅದು ಇಂಗ್ಲಿಷ್ ಆದದ್ದು ಹೇಗೆ? ಲೈನ್ ಹೋಗುತ್ತದೆ, ಬರುತ್ತದೆ. ಲೈನ್ ಹಚ್ಚುತ್ತೇವೆ, ಹಿಡಿಯುತ್ತೇವೆ, ತಪ್ಪುತ್ತೇವೆ. ಕ್ರಿಯಾಪದವೆಲ್ಲ ನಮ್ಮದು. ಹೆಸರೊಂದು ಅತಿಥಿಯಾಗಿ ಬಂದು ಮನೆಯ ಅಳಿಯನಾಗಿದೆ, ಅಷ್ಟೆ.

ಅರ್ಥ ತಪ್ಪಿದರೆ ಜೀವಕ್ಕೇ ಸಂಚಕಾರ ತರುವ ಪ್ರಯೋಗವೂ ಒಂದುಂಟು. ರಾಯಬಾಗದಂಥ ರೈಲು ನಿಲ್ದಾಣದಲ್ಲಿ ‘ಲೈನ್ ಕ್ಲಿಯರ್’ ಎಂದರೆ ಮುಂದಿನ ಹಾದಿ ತೆರವಾಗಿದೆ, ಗಾಡಿ ಬರಬಹುದು ಎಂದರ್ಥ. ವಿದ್ಯುತ್ ಇಲಾಖೆಯಲ್ಲಿ ‘ಲೈನ್ ಕ್ಲಿಯರ್’ ಕೊಟ್ಟರು ಎಂದರೆ ತಂತಿಯಲ್ಲಿ ಕರೆಂಟು ಬರಲೇಕೂಡದು, ಕಂಬದ ಮೇಲೆ ಆಳು ಇದ್ದಾನೆ ಎಂದರ್ಥ. ಒಂದೇ ಮಾತು, ಒಂದು ಕಡೆ ಬಾ, ಇನ್ನೊಂದು ಕಡೆ ಬರಬೇಡ! ಕಂಬವೇರುವ ಲೈನ್‌ಮನ್ ಈ ಭೇದವನ್ನು ಉಸಿರಿನಷ್ಟು ಸಹಜವಾಗಿ ಬಲ್ಲ. ಶುದ್ಧಿವಾದಿಗಳು ಅವನ ಕೈಗೆ ಹೊಸದಾಗಿ ಟಂಕಿಸಿದ ನಾಲ್ಕು ಸಂಸ್ಕೃತ ಅಕ್ಷರಗಳ ಸಮಾಸ ಕೊಟ್ಟು ಕಂಬ ಹತ್ತಿಸುವರೇ?

ನಮ್ಮ ಕಡೆಯ ಹುಡುಗನೊಬ್ಬ ಪ್ರಬಂಧದಲ್ಲಿ ‘ರಾತ್ರಿ ಲೈನ್ ಇರಲಿಲ್ಲ, ಓದಲಾಗಲಿಲ್ಲ’ ಎಂದು ಬರೆದ. ಪರೀಕ್ಷಕರು ಕೆಂಪು ಗೀಟು ಎಳೆದು ‘ಅಶುದ್ಧ’ ಎಂದು ಬರೆದರು. ಆ ‘ಪರೀಕ್ಷೆ’ ಸಂಸ್ಕೃತದ್ದು, ಪಕ್ಕದಲ್ಲಿದ್ದ ‘ಕಾಗದ’ ಪಾರಸಿಯದು, ಅವಕ್ಕೆ ಗೀಟಿಲ್ಲ. ಹಳೆಯ ಸಾಲಕ್ಕೆ ಬಡ್ಡಿಯಿಲ್ಲ, ಹೊಸ ಸಾಲಕ್ಕೆ ಜಪ್ತಿ! ಇಂಗ್ಲಿಷಿನವರಾದರೂ ಇದನ್ನು ಎಲ್ಲಿಂದ ತಂದರು? ಲ್ಯಾಟಿನ್ನಿನ ‘ಲೀನಿಯ’, ಅಂದರೆ ಅಗಸೆನಾರಿನ ದಾರ. ಅದರ ಮೂಲ ‘ಲೀನಂ’, ಅಂದರೆ ಅಗಸೆ. ನಾವು ರೊಟ್ಟಿಗೆ ಹಚ್ಚಿಕೊಳ್ಳುವ ಅಗಸಿ ಚಟ್ನಿಯ ಅಗಸೆಯೇ! ಅವರು ಸಾಲ ತಂದದ್ದಕ್ಕೆ ನಾಚಲಿಲ್ಲ, ಲೆಕ್ಕ ಇಟ್ಟರು. 1989ರ ಆಕ್ಸ್‌ಫರ್ಡ್ ನಿಘಂಟು ‘ಸೆಟ್’ ಎಂಬ ಒಂದು ಪದಕ್ಕೆ ನಾನೂರಕ್ಕೂ ಹೆಚ್ಚು ಅರ್ಥಗಳನ್ನು ಕೊಟ್ಟಿದೆ. ಭೋಜದ ಲೈನಿನ ಅರ್ಥಗಳನ್ನು ಹಾಗೆ ಕೂತು ಬರೆದುಕೊಳ್ಳುವವರು ನಮ್ಮಲ್ಲಿ ಯಾರು?

ಪ್ರಾಸಂಗಿಕವಾಗಿ ಒಂದು ಮಾತು. 1956ರಿಂದ ಈ ಗಡಿಯಲ್ಲಿ ಕನ್ನಡ–ಮರಾಠಿ ಫಲಕಗಳ ಜಗಳ ನಡೆದೇ ಇದೆ. 1967ರಲ್ಲಿ ಮಹಾಜನ ವರದಿ ಬಂದಮೇಲೂ ತಣ್ಣಗಾಗಲಿಲ್ಲ. ಆದರೆ ಲೈನ್ ಹೊಡೆಯುವ ವಿಷಯದಲ್ಲಿ ಎರಡೂ ಭಾಷೆಯ ತರುಣರಿಗೆ ಭಿನ್ನಾಭಿಪ್ರಾಯವಿದ್ದಂತಿಲ್ಲ.

ಹೀಗೆಂದ ಮಾತ್ರಕ್ಕೆ ಬಾಗಿಲು ಪೂರ್ತಿ ತೆರೆದಿಡಿ ಎಂದು ನಾನು ಹೇಳುತ್ತಿಲ್ಲ. ರೇಷನ್ ಅಂಗಡಿಯ ಮುಂದೆ ನಮ್ಮ ಅವ್ವಂದಿರು ‘ಪಾಳಿ ಹಚ್ಚುತ್ತಿದ್ದರು’. ‘ನಿಮ್ಮ ಪಾಳಿ ಬಂತು’ ಎಂದರೆ ಸಾಲೂ ಆಯಿತು, ಸರದಿಯೂ ಆಯಿತು. ಲೈನಿಗೆ ಈ ಎರಡನೆಯ ಅರ್ಥವಿಲ್ಲ. ಇಂಥ ಪದವನ್ನು ತಳ್ಳಿ ಅಲ್ಲಿಯೂ ಲೈನ್ ಬಂದು ನಿಂತಾಗ ಶುದ್ಧಿವಾದಿಗಳು ಎಲ್ಲಿದ್ದರು? ‘ಸರತಿ ಸಾಲಿನಲ್ಲಿ ಬನ್ನಿ’ ಎಂದು ಫಲಕ ಬರೆಸುತ್ತಿದ್ದರು. ಪಾಳಿ ಮರಾಠಿಯಲ್ಲೂ ಇದೆ ಎಂಬ ಸಂಕೋಚವಿದ್ದಿರಬಹುದು. ಅವರಿಗೆ ನಿಜವಾಗಿ ಕೆಲಸ ಬೇಕಿದ್ದರೆ, ಬೆಳಗಾವಿ ಜಿಲ್ಲೆಯ ಕಚೇರಿಗಳ ಮುಂದಿನ ಆ ಫಲಕಗಳನ್ನು ಇಳಿಸಿ ‘ಪಾಳಿ ಹಚ್ಚಿರಿ’ ಎಂದು ಬರೆಸಲಿ. ಹುಡುಗನ ಲೈನಿನ ಮೇಲೆ ಎಳೆದ ಕೆಂಪು ಗೀಟನ್ನು ಅಳಿಸಲಿ.