ಮಾಲ್ಗುಡಿಯ ಖಾಯಂ ಗಿರಾಕಿ

ಊರೆಂದ ಮೇಲೆ ಅಲ್ಲೊಬ್ಬ ವಿಚಿತ್ರ ಆಸಾಮಿ ಇರಲೇಬೇಕು. ಬೈಲಹೊಂಗಲದ ಪೇಟೆಯಿರಲಿ, ಕಿತ್ತೂರಿನ ಬಸ್ ನಿಲ್ದಾಣವಿರಲಿ, ಸವದತ್ತಿಯ ಸಂತೆಯಿರಲಿ, ನಕ್ಕು ಹಗುರಾಗಲು ನಮಗೊಬ್ಬ ಬೇಕು. ಇಂಥವರಿಂದಲೇ ತುಂಬಿದ ಊರು ಆರ್. ಕೆ. ನಾರಾಯಣರ ಮಾಲ್ಗುಡಿ. 1986ರಲ್ಲಿ ಶಂಕರನಾಗ್ ಅವರು ಅದನ್ನು ಆಗುಂಬೆಯಲ್ಲಿ ನಿಲ್ಲಿಸಿ, ದೂರದರ್ಶನದ ಮೂಲಕ ಮನೆಮನೆಗೆ ಮುಟ್ಟಿಸಿದರು. ಪಾತ್ರಗಳು ಹಿಂದಿಯಲ್ಲಿ ಮಾತನಾಡಿದರೇನು, ಆ ಜಗಲಿ, ಆ ಹಂಚಿನ ಮಾಡು, ಆ ಮಳೆ ನಮ್ಮವೇ.

ಮೊನ್ನೆ ತಾಯಿಯವರೊಡನೆ ಆ ಮಾಲಿಕೆಯನ್ನು ಮತ್ತೆ ನೋಡುತ್ತಿದ್ದೆ. ಲಾಟರಿಯಲ್ಲಿ ರಸ್ತೆ ಮಟ್ಟಮಾಡುವ ಎಂಜಿನ್ನನ್ನು ಗೆದ್ದು, ಅದನ್ನಿಡಲು ಸ್ಥಳ ಕಾಣದೆ ಒದ್ದಾಡುವವನನ್ನು ಕಂಡು ಇಬ್ಬರೂ ಮನಸಾರೆ ನಕ್ಕೆವು. ಗೊತ್ತಾದ ಮದುವೆ ನಿಲ್ಲಬಾರದೆಂದು ಸಾವಿನ ತಂತಿಯನ್ನೇ ಬಚ್ಚಿಟ್ಟ ಅಂಚೆಯವನ ಕಥೆ ಬಂದಾಗ ತಾಯಿಯವರು, "ಪುಣ್ಯಾ ಮಾಡ್ಯಾನೋ ಪಾಪಾ ಮಾಡ್ಯಾನೋ, ತಿಳೀವಲ್ದಲ್ಲೋ!" ಎಂದರು.

ಅನಂತರ ಬಂದವನು ಈಶ್ವರನ್. ಇಂಟರ್‌ಮೀಡಿಯೆಟ್ ಪರೀಕ್ಷೆಯಲ್ಲಿ ವರ್ಷವರ್ಷವೂ ನಪಾಸಾಗಿ ಊರಿಗೆಲ್ಲ ನಗೆಗೀಡಾದವನು. ನಾರಾಯಣರ ಕಥೆಯಲ್ಲಿ, ಫಲಿತಾಂಶದ ದಿನ ಉಳಿದವರು ಫಲಕದತ್ತ ಓಡಿದರೆ ಈತ ಸಿನಿಮಾಕ್ಕೆ ಹೋಗುತ್ತಾನೆ. ತಂದೆಗೆ ಕೊನೆಯ ಓಲೆ ಬರೆದು, ಕೋಟನ್ನು ಸರಯೂ ನದಿಯ ಮೆಟ್ಟಿಲ ಮೇಲಿಟ್ಟ ಮೇಲೆ, ಒಮ್ಮೆ ನೋಡಿಯೇ ಬಿಡೋಣವೆಂದು ಕತ್ತಲಲ್ಲಿ ಫಲಕದ ಬಳಿ ಬರುತ್ತಾನೆ. ಪಾಸಾಗಿದ್ದಾನೆ! ಹಿಗ್ಗಿಗೆ ಬುದ್ಧಿ ಕದಡಿ, ಇಲ್ಲದ ಕುದುರೆಯನ್ನೇರಿ ಅದೇ ಹೊಳೆಗೆ ಹಾರಿಬಿಡುತ್ತಾನೆ.

"ಯಾಕೋ ತಮ್ಮಾ, ಒಮ್ಮಿಗೇ ಸುಮ್ಮನಾದಿ?" ಎಂದು ತಾಯಿಯವರು ಕೇಳಿದರು. ನಾನು ಉತ್ತರಿಸಲಿಲ್ಲ.

ನಾನು ಕಲಿಸುವ ಕಾಲೇಜಿನಲ್ಲಿಯೂ ಒಬ್ಬ ಈಶ್ವರನ್ ಇದ್ದಾನೆ. ರಾಮದುರ್ಗದ ಕಡೆಯವನು, ಮಲಪ್ರಭೆಯ ದಂಡೆಯಲ್ಲಿ ಬೆಳೆದವನು. ಇಂಗ್ಲಿಷ್ ಒಂದಕ್ಕಾಗಿ ನಾಲ್ಕು ವರ್ಷಗಳಿಂದ ಪರೀಕ್ಷೆಯ ಅರ್ಜಿ ತುಂಬಲು ಬರುತ್ತಾನೆ. ಆತನಿಗೆ "ಖಾಯಂ ಗಿರಾಕಿ" ಎಂದು ಹೆಸರಿಟ್ಟವನು, ಹೇಳಲು ನಾಚಿಕೆಯಾಗುತ್ತದೆ, ನಾನೇ. ಅಧ್ಯಾಪಕರ ಕೋಣೆಯಲ್ಲಿ ಎಲ್ಲರೂ ನಗುತ್ತಿದ್ದೆವು. ನಮಗಿಂತ ಗಟ್ಟಿಯಾಗಿ ಆತನೇ ನಗುತ್ತಿದ್ದ.

ಕಳೆದ ವಾರ ಆತ ಮತ್ತೆ ಬಂದ. "ಬಂದಾನ್ರೀ ಸರ, ನಿಮ್ಮ ಖಾಯಂ ಗಿರಾಕಿ" ಎಂದು ತಾನೇ ಸಾರಿಕೊಂಡ. ಎಂದಿನಂತೆ ನಗೆಯೆದ್ದಿತು. ನಾನು ಅರ್ಜಿಯೊಡನೆ ಒಂದು ಕುರ್ಚಿಯನ್ನೂ ಕೊಟ್ಟು, "ಆ ಇಂಗ್ಲಿಷಿನಾಗ ನಿನಗ ಎಲ್ಲಿ ತೊಡಕಾಗ್ತದಪ್ಪಾ?" ಎಂದು ಕೇಳಿದೆ. ನಾಲ್ಕು ವರ್ಷಗಳಲ್ಲಿ ಅದನ್ನು ಕೇಳಿದ್ದು ಅದೇ ಮೊದಲು. ಆತನ ನಗೆ ನಿಂತಿತು. ಸ್ವಲ್ಪ ಹೊತ್ತು ಅರ್ಜಿಯ ಅಂಚನ್ನು ಮಡಿಸುತ್ತ ಕುಳಿತ. ಆಮೇಲೆ ಹೇಳತೊಡಗಿದವನು, ತಾಸಿನ ಗಂಟೆ ಬಾರಿಸಿದರೂ ಏಳಲಿಲ್ಲ.