ಬೇಲಿಯನ್ನು ಕಾಯುವವರು ಯಾರು?

ಸಿದ್ದಾಪುರದಿಂದ ಬರೆಯುತ್ತಿದ್ದೇನೆ ಎಂದೊಡನೆ ವಾಚಕರಲ್ಲಿ ಅನೇಕರು ಉತ್ತರ ಕನ್ನಡದ ಸಿದ್ದಾಪುರವನ್ನು ನೆನೆಯುವರು. ನಮ್ಮದು ಅದಲ್ಲ, ಕುಂದಾಪುರದ ಪೂರ್ವಕ್ಕೆ ಘಟ್ಟದ ಬುಡವನ್ನು ಆತುಕೊಂಡಿರುವ ಊರು. ಇಲ್ಲಿಂದ ಮುಂದಕ್ಕೆ ಹೊಸಂಗಡಿ, ಅದರಾಚೆ ಬಾಳೆಬರೆ ಘಾಟಿ.

ಕಾಡಂಚಿನಲ್ಲಿ ಗದ್ದೆ ತೋಟಗಳುಳ್ಳ ನಮ್ಮವರಿಗೆ ಕಾವಲಿನ ವಿದ್ಯೆಯನ್ನು ಯಾರೂ ಕಲಿಸಬೇಕಾಗಿಲ್ಲ. ಹಂದಿಗೆ ಬೇಲಿ, ಮಂಗಕ್ಕೆ ಕವಣೆ, ಅಂಗಳದ ಅಡಕೆಗೆ ನಾಯಿ. ಆದರೆ ಅನುಭವಸ್ಥನಾದ ಗೃಹಸ್ಥನು ಇದರ ಮೇಲೆ ಇನ್ನೆರಡು ಮಾತುಗಳನ್ನು ಅರಿತಿರುತ್ತಾನೆ. ಇರುಳೆಲ್ಲ ಸುಮ್ಮಸುಮ್ಮನೆ ಬೊಗಳುವ ನಾಯಿಯಿದ್ದರೆ ಯಜಮಾನನು ಮುಸುಕೆಳೆದು ಮಲಗಲು ಕಲಿಯುತ್ತಾನೆ ಎಂಬುದು ಮೊದಲನೆಯದು. ಬೇಲಿಯೇ ಎದ್ದು ಹೊಲವನ್ನು ಮೇಯ್ದರೆ ಕಾಯುವವರಿಲ್ಲ ಎಂಬುದು ಎರಡನೆಯದು. ಅಣುಶಕ್ತಿಯ ಕೋಟೆಗಳನ್ನು ಕಾಯುವ ದೊಡ್ಡ ದೊಡ್ಡ ಸರಕಾರಗಳು ಈ ಎರಡು ಮಾತುಗಳನ್ನು ಬಹಳ ಬೆಲೆ ತೆತ್ತು ಕಲಿಯಬೇಕಾಯಿತು.

ಮೊದಲು ನಾಯಿಯ ಕಥೆಯನ್ನು ಕೇಳಿ. ಅಮೆರಿಕದ ಓಕ್ ರಿಜ್ ಎಂಬಲ್ಲಿ ಅಣ್ವಸ್ತ್ರಗಳಿಗೆ ಬೇಕಾದ ಯುರೇನಿಯಂ ಅನ್ನು ಕೂಡಿಟ್ಟ ಭಂಡಾರವಿದೆ. 2012ರ ಜುಲೈ 28ರ ನಸುಕಿನಲ್ಲಿ ಮೂವರು ಶಾಂತಿವಾದಿಗಳು ತಂತಿ ಕತ್ತರಿಸುವ ಇಕ್ಕಳದಿಂದ ಬೇಲಿಯ ಮೇಲೆ ಬೇಲಿಯನ್ನು ಕತ್ತರಿಸಿ ಆ ಭಂಡಾರದ ಗೋಡೆಯವರೆಗೂ ನಡೆದುಹೋದರು. ಅವರಲ್ಲೊಬ್ಬರು ಮೇಗನ್ ರೈಸ್ ಎಂಬ 82 ವರ್ಷದ ಕ್ರೈಸ್ತ ಸನ್ಯಾಸಿನಿ! ಗೋಡೆಯ ಮೇಲೆ ಘೋಷಣೆಗಳನ್ನು ಬರೆದು, ಹಾಡು ಹೇಳುತ್ತ ನಿಂತ ಮೇಲೆ ಕಾವಲುಗಾರನು ಬಂದನು. ಎಚ್ಚರಿಕೆಯ ಯಂತ್ರಗಳು ಇರಲಿಲ್ಲವೆ? ಇದ್ದವು, ಕೂಗಿಯೂ ಕೂಗಿದವು. ಆದರೆ ದಿನವೂ ಹುಸಿಯಾಗಿ ಕೂಗುವ ಯಂತ್ರಕ್ಕೆ ಕಾವಲಿನವರ ಕಿವಿ ಒಗ್ಗಿಹೋಗಿತ್ತು. ನೋಡಬೇಕಾಗಿದ್ದ ಕ್ಯಾಮೆರಾಗಳಲ್ಲಿ ಕೆಲವು ಕೆಟ್ಟು ಕುಳಿತಿದ್ದವು. ಬಂದವರು ಸಾಧುಗಳಾಗಿದ್ದುದು ಲೋಕದ ಪುಣ್ಯ.

ಇನ್ನು ಬೇಲಿಯ ಕಥೆ. ಇದಕ್ಕೆ ಸಮುದ್ರ ದಾಟಬೇಕಾಗಿಲ್ಲ. ನೆರೆಯ ಜಿಲ್ಲೆಗೆ ಹೋದರೆ ಸಾಕು. ಕಾಳೀ ನದಿಯ ದಂಡೆಯ ಕೈಗಾದಲ್ಲಿ ತಲಾ 220 ಮೆಗಾವಾಟ್ ಸಾಮರ್ಥ್ಯದ ನಾಲ್ಕು ರಿಯಾಕ್ಟರುಗಳಿವೆ. ನಮ್ಮ ಸೀಮೆಯ ಕೋಟದಲ್ಲಿ ಹುಟ್ಟಿದ ಶಿವರಾಮ ಕಾರಂತರು ಈ ಯೋಜನೆಯನ್ನು ವಿರೋಧಿಸಿ, 1989ರಲ್ಲಿ ಲೋಕಸಭೆಗೆ ಸ್ಪರ್ಧಿಸಿ ಸೋತುದನ್ನು ಹಿರಿಯ ವಾಚಕರು ಮರೆತಿರಲಾರರು. ಸ್ಥಾವರವು ಎದ್ದು ನಿಂತಿತು. ಅದರ ಒಂದನೆಯ ರಿಯಾಕ್ಟರು 2018ರಲ್ಲಿ 962 ದಿನಗಳ ಕಾಲ ಎಡೆಬಿಡದೆ ನಡೆದು ಜಗತ್ತಿನಲ್ಲೇ ದಾಖಲೆಯನ್ನು ಸ್ಥಾಪಿಸಿತೆಂಬುದನ್ನೂ ನ್ಯಾಯವಾಗಿ ಹೇಳಬೇಕು.

ಅದೇ ಕೈಗಾದಲ್ಲಿ 2009ರ ನವೆಂಬರಿನಲ್ಲಿ ನೌಕರರ ಮೂತ್ರವನ್ನು ವಾಡಿಕೆಯಂತೆ ಪರೀಕ್ಷಿಸುವಾಗ ಐವತ್ತಕ್ಕೂ ಹೆಚ್ಚು ಮಂದಿಯ ದೇಹದಲ್ಲಿ ಟ್ರಿಟಿಯಂ ಅಧಿಕವಾಗಿ ಕಂಡುಬಂದಿತು. ರಿಯಾಕ್ಟರಿನಲ್ಲಿ ಬಳಸುವ ಭಾರಜಲದಲ್ಲಿ ತಾನಾಗಿ ಹುಟ್ಟುವ ವಿಕಿರಣಶೀಲ ಜಲಜನಕವೇ ಈ ಟ್ರಿಟಿಯಂ. ಹೊರಗಿದ್ದರೆ ಇದರ ಕಿರಣವು ಚರ್ಮವನ್ನೂ ದಾಟದು. ನೀರಿನೊಡನೆ ಹೊಟ್ಟೆಗೆ ಹೋದರೆ ಮಾತ್ರ ಮೈಯೆಲ್ಲ ವ್ಯಾಪಿಸುವುದು. ಹುಡುಕುತ್ತ ಹೋದಾಗ ಮೂಲವು ಸಿಕ್ಕಿದ್ದೆಲ್ಲಿ? ನೌಕರರು ಬಾಯಾರಿದಾಗ ಕುಡಿಯುವ ತಣ್ಣೀರಿನ ಯಂತ್ರದಲ್ಲಿ! ಕೊಳವೆ ಸೋರಿದ್ದಲ್ಲ, ಯಾರೋ ಒಳಗಿನವರೇ ಬೆರೆಸಿದ್ದೆಂದು ಅಣುಶಕ್ತಿ ಆಯೋಗದ ಅಂದಿನ ಅಧ್ಯಕ್ಷರಾದ ಅನಿಲ್ ಕಾಕೋಡ್ಕರರು ತಿಳಿಸಿದರು. ಟ್ರಿಟಿಯಂ ಮೂತ್ರದ ಮೂಲಕ ಬೇಗನೆ ಹೊರಬೀಳುವುದರಿಂದ ಹೆಚ್ಚಿನ ಅಪಾಯವು ತಪ್ಪಿತು. ಹೆಬ್ಬಾಗಿಲಿನಲ್ಲಿ ಬಂದೂಕು ಹಿಡಿದು ನಿಂತ ಯೋಧನು ಇದಕ್ಕೆ ಏನು ಮಾಡಬಲ್ಲನು? ಅಪಾಯವು ಗುರುತಿನ ಚೀಟಿಯನ್ನು ತೋರಿಸಿಯೇ ಒಳಗೆ ಬಂದಿತ್ತು.

ಇದರಲ್ಲಿ ನನ್ನನ್ನು ಹೆಚ್ಚು ಕಾಡುವ ಸಂಗತಿ ಬೇರೆಯೇ ಇದೆ. ಕೆನಡಾ ದೇಶದ ಪಾಯಿಂಟ್ ಲೆಪ್ರೋ ಎಂಬ, ಇದೇ ಜಾತಿಯ ಭಾರಜಲದ ಸ್ಥಾವರದಲ್ಲಿ 1990ರಲ್ಲಿಯೇ ಒಬ್ಬ ನೌಕರನು ಪಾನೀಯದ ಯಂತ್ರಕ್ಕೆ ಇಂಥದೇ ನೀರನ್ನು ಬೆರೆಸಿದ್ದನು. ಎಂಟು ಮಂದಿ ಅದನ್ನು ಕುಡಿದಿದ್ದರು. ಪಕ್ಕದ ಮನೆಗೆ ಬೆಂಕಿ ಬಿದ್ದಾಗ ನಮ್ಮ ಸೂರಿನ ಮೇಲೆ ನೀರು ಹೊಯ್ಯುವುದು ಹಳ್ಳಿಗನಿಗೂ ಗೊತ್ತು. ಹತ್ತೊಂಬತ್ತು ವರ್ಷಗಳ ಅವಧಿಯಿದ್ದೂ ಅದೇ ಬೆಂಕಿ ನಮ್ಮ ಸೂರಿಗೂ ತಗುಲಿತಲ್ಲ!

ಕೈಗಾದಲ್ಲಿ ಆಗುವುದು ವಿದ್ಯುತ್ತು, ಅಸ್ತ್ರವಲ್ಲ ಎಂದು ಯಾರಾದರೂ ಹೇಳಬಹುದು. ನಿಜವೇ. ಆದರೆ 2006ರ ವಿಂಗಡಣೆಯಲ್ಲಿ ಕೈಗಾದ ರಿಯಾಕ್ಟರುಗಳನ್ನು ಅಂತರರಾಷ್ಟ್ರೀಯ ಅಣುಶಕ್ತಿ ಸಂಸ್ಥೆಯ ತಪಾಸಣೆಯಿಂದ ಹೊರಗೆ ಇಡಲಾಯಿತು. ಹೊರಗಿನವನ ಕಣ್ಣು ಬೇಡವೆಂದವನು ತನ್ನ ಕಣ್ಣನ್ನು ಎರಡರಷ್ಟು ತೆರೆದಿರಬೇಕಲ್ಲವೆ? ಮೈಸೂರಿನ ಬಳಿ ಯುರೇನಿಯಂ ಸಂವರ್ಧಿಸುವ ಸ್ಥಾವರಕ್ಕೂ ಇದೇ ಮಾತು ಸಲ್ಲುತ್ತದೆ.

ಹಾಗಾದರೆ ಮಾಡಬೇಕಾದುದೇನು? ಬಂದೂಕುಗಳ ಸಂಖ್ಯೆಯನ್ನು ಹೆಚ್ಚಿಸುವುದು ಸುಲಭ, ಕಣ್ಣಿಗೂ ಕಾಣುತ್ತದೆ. ಕಾಣದಿರುವ ಕೆಲಸವೇ ಮುಖ್ಯ. ಅಪಾಯದ ವಸ್ತುವಿರುವ ಕೋಣೆಗೆ ಒಬ್ಬನೇ ಹೋಗದೆ ಇಬ್ಬರು ಜೊತೆಯಾಗಿ ಹೋಗಬೇಕು. ಪರೀಕ್ಷೆಗೆಂದು ತೆಗೆದ ಒಂದು ಸೀಸೆಗೂ ಲೆಕ್ಕವಿರಬೇಕು. ಹುಸಿಕೂಗಿನ ಯಂತ್ರವನ್ನು ಅಂದೇ ಸರಿಪಡಿಸಬೇಕು. ಎಲ್ಲಕ್ಕಿಂತ ಮಿಗಿಲಾಗಿ, ಒಳಗೆ ದುಡಿಯುವವನ ಅಸಮಾಧಾನವನ್ನು ಕೇಳುವ ಕಿವಿಯೊಂದು ಇರಬೇಕು. ಕೇಳುವವರಿಲ್ಲದ ಮುನಿಸು ಒಂದು ದಿನ ನೀರಿನ ಹಂಡೆಯನ್ನು ಹುಡುಕಿಕೊಂಡು ಹೋದೀತು.

ಇನ್ನೊಂದು ಮಾತು. ಕಾಯುವವನೂ ಅವನನ್ನು ಪರೀಕ್ಷಿಸುವವನೂ ಒಬ್ಬನೇ ಧಣಿಯ ಊಳಿಗದಲ್ಲಿ ಇರಬಾರದು. 1983ರಲ್ಲಿ ಹುಟ್ಟಿದ ಅಣುಶಕ್ತಿ ನಿಯಂತ್ರಣ ಮಂಡಳಿಗೆ ಸಾಕಷ್ಟು ಸ್ವಾತಂತ್ರ್ಯವಿಲ್ಲವೆಂದು ಮಹಾಲೇಖಪಾಲರು 2012ರ ವರದಿಯಲ್ಲಿ ಎತ್ತಿ ತೋರಿಸಿದರು. ಸ್ವತಂತ್ರ ಪ್ರಾಧಿಕಾರಕ್ಕೆಂದು 2011ರಲ್ಲಿ ಮಂಡಿಸಿದ್ದ ಮಸೂದೆಯು 2014ರಲ್ಲಿ ಆ ಲೋಕಸಭೆಯೊಡನೆಯೇ ಅಳಿಯಿತು. ಕಾನೂನಿನ ರೂಪವು ಏನೇ ಇರಲಿ, ಪರೀಕ್ಷಕನು ಧಣಿಯ ಮುಖವನ್ನು ನೋಡಿ ಮಾತನಾಡುವಂತಿರಬಾರದು ಎಂಬ ತತ್ತ್ವವು ಬದಲಾಗದು.

ಕೈಗಾದ ಸಂಗತಿಯಲ್ಲಿ ಒಂದು ಸಮಾಧಾನವೂ ಇದೆ. ಅಂದು ಅಪಾಯವನ್ನು ಹಿಡಿದುಕೊಟ್ಟುದು ಬಂದೂಕಲ್ಲ, ಮುಳ್ಳುತಂತಿಯಲ್ಲ. ನಿಯಮದಂತೆ ತನ್ನ ಪಾಲಿನ ಪರೀಕ್ಷೆಯನ್ನು ತಪ್ಪದೆ ನಡೆಸಿದ ಪ್ರಯೋಗಾಲಯ. ದೇಶವನ್ನು ಕಾಯುವ ಕೆಲಸವು ಬಹುಮಟ್ಟಿಗೆ ಇಂಥ ಬೇಸರದ ಕೆಲಸವೇ. ಅದನ್ನು ಬೇಸರಿಸದೆ ಮಾಡುವವರಿಗೆ, ಘಟ್ಟದ ಬುಡದ ಈ ಊರಿನಿಂದ ಒಂದು ನಮಸ್ಕಾರ.